ಇಂದ್ರಿಯನಿಗ್ರಹದಿಂದ ಶೀಲದೆಡೆಗೆ: ಹಾಸನ ಸೀಮೆಯಲ್ಲಿ ಕ್ರೈಸ್ತ ಸಾಧನೆಯ ಒಂದು ಚಾರಿತ್ರಿಕ ಅವಲೋಕನ

ಪೀಠಿಕೆ

ಅರಸೀಕೆರೆಯ ಸಮೀಪದ ಮಾಲೇಕಲ್ಲು ತಿರುಪತಿಯ ಬೆಟ್ಟದಿಂದ ಹಳೇಬೀಡು, ಬೇಲೂರುಗಳವರೆಗೆ ಹಬ್ಬಿರುವ ಸೀಮೆಯನ್ನು ಕರ್ನಾಟಕದ ಚರಿತ್ರಕಾರರು ಹೊಯ್ಸಳ ಕಲೆ, ಶಾಸನ ಮತ್ತು ರಾಜಕೀಯದ ದೃಷ್ಟಿಯಿಂದ ವಿಸ್ತಾರವಾಗಿ ಅಭ್ಯಾಸ ಮಾಡಿದ್ದಾರೆ. ಇದೇ ಸೀಮೆಯ ಕ್ರೈಸ್ತ ಸಮುದಾಯಗಳ ಚರಿತ್ರೆಯು ಮಾತ್ರ ಹೆಚ್ಚಾಗಿ ಮತಾಂತರದ ಸಂಖ್ಯೆ, ಚರ್ಚುಗಳ ನಿರ್ಮಾಣ, ಶಾಲೆ ಮತ್ತು ಆಸ್ಪತ್ರೆಗಳ ಸ್ಥಾಪನೆ ಎಂಬ ಮೂರು ಎಳೆಗಳಲ್ಲಿಯೇ ನಡೆದುಬಂದಿದೆ. ಈ ಎಳೆಗಳು ಅಗತ್ಯವಾದವು. ಆದರೆ ಒಂದು ಧರ್ಮವನ್ನು ಸ್ವೀಕರಿಸಿದವನು ತನ್ನ ಕಾಮ, ಕ್ರೋಧ, ಲೋಭಗಳೊಡನೆ ಹೇಗೆ ಹೆಣಗಿದನು, ಆ ಹೆಣಗಾಟಕ್ಕೆ ಆ ಧರ್ಮವು ಯಾವ ಉಪಕರಣಗಳನ್ನು ಒದಗಿಸಿತು ಎಂಬ ಪ್ರಶ್ನೆಗೆ ಅವುಗಳಲ್ಲಿ ಉತ್ತರ ದೊರೆಯುವುದಿಲ್ಲ. ಇದಕ್ಕೆ ಒಂದು ಕಾರಣ ಸ್ಪಷ್ಟವಾಗಿದೆ. ದೀಕ್ಷಾಸ್ನಾನ, ವಿವಾಹ, ಮರಣಗಳಿಗೆ ದಾಖಲೆ ಪುಸ್ತಕಗಳುಂಟು; ಪಾಪನಿವೇದನೆಗೆ ದಾಖಲೆಯೇ ಇಲ್ಲ. ಅಲ್ಲಿ ಕೇಳಿದ ಮಾತನ್ನು ಗುರುವು ಯಾವ ಕಾರಣಕ್ಕೂ ಹೊರಗೆಡಹುವಂತಿಲ್ಲವೆಂಬುದು ಕಥೋಲಿಕ ಧರ್ಮಸಭೆಯ ಕಟ್ಟುನಿಟ್ಟಿನ ನಿಯಮ. ಹೀಗೆ ಸಾಧನೆಯ ಹೃದಯಭಾಗವೇ ದಾಖಲೆಯಿಂದ ಹೊರಗುಳಿಯುತ್ತದೆ.

ಆದುದರಿಂದ ಪ್ರಸ್ತುತ ಲೇಖನದಲ್ಲಿ ವ್ಯಕ್ತಿಗಳ ಅಂತರಂಗವನ್ನು ಊಹಿಸುವ ಪ್ರಯತ್ನವಿಲ್ಲ. ಸಾಧನೆಯ ಕ್ರಮಗಳು, ಅವುಗಳನ್ನು ತಂದ ಸಂಸ್ಥೆಗಳು, ಅವುಗಳಿಗೆ ಕನ್ನಡದಲ್ಲಿ ದೊರೆತ ಹೆಸರುಗಳು ಇವುಗಳ ಮೂಲಕ ವಿಷಯವನ್ನು ಪರಿಶೀಲಿಸಲಾಗಿದೆ. ಇಲ್ಲಿ 'ಬ್ರಹ್ಮಚರ್ಯ' ಮತ್ತು 'ಶೀಲ' ಎಂಬ ಎರಡು ಪದಗಳನ್ನು ಬೇರೆ ಬೇರೆ ಅರ್ಥದಲ್ಲಿ ಬಳಸಲಾಗಿದೆ. ವಿವಾಹವನ್ನು ತ್ಯಜಿಸಿ ಬದುಕುವುದು ಬ್ರಹ್ಮಚರ್ಯ. ವಿವಾಹಿತನಾಗಲಿ ಅವಿವಾಹಿತನಾಗಲಿ ತನ್ನ ಕಾಮವನ್ನು ವಿವೇಕಕ್ಕೂ ಪ್ರೀತಿಗೂ ಒಳಪಡಿಸಿಕೊಂಡು ಬದುಕುವುದು ಶೀಲ. 17ನೆಯ ಶತಮಾನದಿಂದ ಇತ್ತೀಚಿನವರೆಗೆ ಮೈಸೂರು ಸೀಮೆಯ ಕ್ರೈಸ್ತ ಚರಿತ್ರೆಯಲ್ಲಿ ಒತ್ತು ಮೊದಲನೆಯದರಿಂದ ಎರಡನೆಯದಕ್ಕೆ, ಅಂದರೆ ಸನ್ಯಾಸಿಯ ದೇಹದಿಂದ ಗೃಹಸ್ಥನ ಮನೆಗೆ, ಕ್ರಮೇಣ ಸರಿಯಿತೆಂಬುದು ಈ ಲೇಖನದ ಪ್ರತಿಪಾದನೆ.

ಸೀಮೆಯ ಪೂರ್ವಪರಂಪರೆ

ಕ್ರೈಸ್ತ ಬೋಧಕರು ಇಲ್ಲಿಗೆ ಬಂದಾಗ ಇಂದ್ರಿಯನಿಗ್ರಹವೆಂಬ ಮಾತು ಈ ನೆಲಕ್ಕೆ ಹೊಸದಾಗಿರಲಿಲ್ಲ. ಕ್ರಿ.ಶ. 981ರ ಸುಮಾರಿಗೆ ಚಾವುಂಡರಾಯನು ಶ್ರವಣಬೆಳಗೊಳದಲ್ಲಿ ನಿಲ್ಲಿಸಿದ ಬಾಹುಬಲಿಯ ವಿಗ್ರಹವು ಮೈಮೇಲೆ ಬಳ್ಳಿ ಹಬ್ಬಿದರೂ ಕದಲದ ಸಂಯಮದ ಶಿಲ್ಪರೂಪ. ಹಳೇಬೀಡಿನಲ್ಲಿ 1133ರ ಪಾರ್ಶ್ವನಾಥ ಬಸದಿಯು ಹೊಯ್ಸಳೇಶ್ವರ ದೇವಾಲಯಕ್ಕೆ ಅನತಿದೂರದಲ್ಲಿದೆ. 1117ರ ಬೇಲೂರಿನ ಚೆನ್ನಕೇಶವ ದೇವಾಲಯದ ಮದನಿಕೆಯರು ಸೌಂದರ್ಯಾನುಭವವನ್ನು ದೇವಾಲಯದ ಅಂಗವಾಗಿಯೇ ಸ್ವೀಕರಿಸಿದ ಇನ್ನೊಂದು ದೃಷ್ಟಿಗೆ ಸಾಕ್ಷಿಯಾಗಿದ್ದಾರೆ. ವಿಷ್ಣುವರ್ಧನನ ರಾಣಿ ಶಾಂತಲೆಯ ತಾಯಿ ಮಾಚಿಕಬ್ಬೆಯು ಬೆಳಗೊಳದಲ್ಲಿ ಸಲ್ಲೇಖನ ವ್ರತವನ್ನು ಕೈಗೊಂಡಳೆಂಬುದನ್ನು ಶಾಸನವು ತಿಳಿಸುತ್ತದೆ. ಭೋಗ ಮತ್ತು ತ್ಯಾಗಗಳೆರಡೂ ಒಂದೇ ಮನೆತನದಲ್ಲಿ, ಒಂದೇ ಪಟ್ಟಣದಲ್ಲಿ ಎದುರುಬದುರಾಗಿ ನಿಂತಿದ್ದವು.

ಜೈನಧರ್ಮವು ಈ ವಿಷಯದಲ್ಲಿ ಯತಿಗಳಿಗೆ ಮಾತ್ರ ನಿಯಮವಿಧಿಸಿ ಸುಮ್ಮನಾಗಲಿಲ್ಲ. ಯತಿಗೆ ಬ್ರಹ್ಮಚರ್ಯವು ಮಹಾವ್ರತವಾದರೆ ಶ್ರಾವಕನಿಗೆ ಅದು ಅಣುವ್ರತ. ತನ್ನ ಪತ್ನಿಯಲ್ಲಿಯೇ ತೃಪ್ತನಾಗಿರುವುದು ಅದರ ಸಾರ. ಮಾಡಿದ ದೋಷಗಳನ್ನು ನೆನೆದು, ನಿವೇದಿಸಿ, ಹಿಂದಿರುಗುವ ಪ್ರತಿಕ್ರಮಣವೆಂಬ ಕ್ರಮವೂ ಉಂಟು. ವೀರಶೈವರಲ್ಲಿ ಶೀಲವೆಂಬ ಶಬ್ದಕ್ಕೆ ವ್ರತನಿಷ್ಠೆಯ ಅರ್ಥವಿದ್ದು, ಶೀಲವಂತರೆಂಬ ಹೆಸರೇ ಪ್ರಚಲಿತವಾಗಿದೆ. ವೈಷ್ಣವ ಕ್ಷೇತ್ರಗಳಲ್ಲಿ ಹರಕೆ, ಉಪವಾಸ, ಏಕಾದಶಿಗಳು ಗೃಹಸ್ಥರ ಸಂಯಮಕ್ಕೆ ಕಾಲದ ಚೌಕಟ್ಟನ್ನು ಹಾಕಿಕೊಟ್ಟಿವೆ. ಮಾಲೇಕಲ್ಲಿನ ಮೆಟ್ಟಿಲುಗಳನ್ನು ಹರಕೆ ಹೊತ್ತು ಏರುವ ಭಕ್ತನ ದೇಹಶ್ರಮವೂ ಈ ಬಗೆಯ ಸಾಧನೆಯೇ.

ಸಾಹಿತ್ಯದಲ್ಲಿ ಜನ್ನನ ಯಶೋಧರ ಚರಿತೆ (1209) ಇಲ್ಲಿ ವಿಶೇಷವಾಗಿ ಉಲ್ಲೇಖಾರ್ಹ. ಇಮ್ಮಡಿ ಬಲ್ಲಾಳನ ಆಸ್ಥಾನದ ಈ ಕವಿಯು ರಾಣಿ ಅಮೃತಮತಿಗೆ ಮಾವುತನಲ್ಲಿ ಹುಟ್ಟಿದ ಮೋಹವನ್ನೂ, ಹಿಟ್ಟಿನ ಕೋಳಿಯನ್ನು ಬಲಿಕೊಟ್ಟ ಸಂಕಲ್ಪಹಿಂಸೆಯ ಫಲವನ್ನೂ ಒಂದೇ ಕಥೆಯಲ್ಲಿ ಹೆಣೆದಿದ್ದಾನೆ. ಕೈ ಮಾಡಿದ್ದಕ್ಕೆ ಮಾತ್ರವಲ್ಲದೆ ಮನಸ್ಸು ಸಂಕಲ್ಪಿಸಿದ್ದಕ್ಕೂ ಮನುಷ್ಯನು ಹೊಣೆಯೆಂಬುದು ಆ ಕೃತಿಯ ನೈತಿಕ ತಳಹದಿ. ಪರಸ್ತ್ರೀಯನ್ನು ಕಾಮದೃಷ್ಟಿಯಿಂದ ನೋಡಿದವನು ಹೃದಯದಲ್ಲಿ ಆಗಲೇ ವ್ಯಭಿಚಾರಿಯಾದನೆಂದು ಮತ್ತಾಯನ ಶುಭಸಂದೇಶದ 5ನೆಯ ಅಧ್ಯಾಯದಲ್ಲಿ ಬರುವ ಯೇಸುವಿನ ಬೋಧನೆಯನ್ನು ಕೇಳಿದ ಕನ್ನಡಿಗನಿಗೆ ಅದರ ತರ್ಕವು ಅಪರಿಚಿತವಾಗಿ ತೋರಬೇಕಾದ ಕಾರಣವಿರಲಿಲ್ಲ.

ಕ್ರೈಸ್ತ ಸಾಧನೆಯ ಮೂಲ ತತ್ತ್ವಗಳು

ಕ್ರೈಸ್ತ ಪರಂಪರೆಯಲ್ಲಿ ಮನೋವಿಕಾರಗಳ ವ್ಯವಸ್ಥಿತ ಚಿಂತನೆಯು 4ನೆಯ ಶತಮಾನದ ಈಜಿಪ್ಟಿನ ಮರುಭೂಮಿಯ ತಪಸ್ವಿಗಳಲ್ಲಿ ರೂಪುಗೊಂಡಿತು. ಅವರಲ್ಲೊಬ್ಬನಾದ ಇವಾಗ್ರಿಯಸನು ಹೊಟ್ಟೆಬಾಕತನ, ಕಾಮ, ಲೋಭ, ವಿಷಾದ, ಕ್ರೋಧ, ಆಲಸ್ಯ, ಪೊಳ್ಳು ಕೀರ್ತಿಯಾಸೆ, ಅಹಂಕಾರ ಎಂಬ ಎಂಟು ದುರಾಲೋಚನೆಗಳನ್ನು ಗುರುತಿಸಿದನು. ಜಾನ್ ಕ್ಯಾಸಿಯನನು ಇದನ್ನು ಪಶ್ಚಿಮಕ್ಕೆ ಒಯ್ದನು. 6ನೆಯ ಶತಮಾನದ ಕೊನೆಯಲ್ಲಿ ಜಗದ್ಗುರು ಮಹಾ ಗ್ರೆಗೊರಿಯು ಇದನ್ನು ಪರಿಷ್ಕರಿಸಿದನು. ಮುಂದೆ ಏಳು ಮೂಲಪಾಪಗಳ ಪಟ್ಟಿಯು ನೆಲೆಗೊಂಡಿತು. ಇದನ್ನು ನಮ್ಮ ಅರಿಷಡ್ವರ್ಗದೊಡನೆ ಹೋಲಿಸಿದರೆ ಕಾಮ, ಕ್ರೋಧ, ಲೋಭ, ಮದ, ಮಾತ್ಸರ್ಯಗಳೈದೂ ಎರಡು ಕಡೆಯಲ್ಲಿಯೂ ಕಾಣುತ್ತವೆ. ಮೋಹಕ್ಕೆ ಅಲ್ಲಿ ಪ್ರತ್ಯೇಕ ಸ್ಥಾನವಿಲ್ಲ. ಹೊಟ್ಟೆಬಾಕತನ ಮತ್ತು ಆಲಸ್ಯಗಳಿಗೆ ಇಲ್ಲಿ ಪ್ರತ್ಯೇಕ ಸ್ಥಾನವಿಲ್ಲ. ಈ ವ್ಯತ್ಯಾಸವು ಕೇವಲ ಎಣಿಕೆಯದಲ್ಲ. ಕಾಮದ ಮೇಲಿನ ಹೋರಾಟವು ಊಟದ ತಟ್ಟೆಯಿಂದಲೇ ಆರಂಭವಾಗಬೇಕೆಂದು ಕ್ಯಾಸಿಯನನು ಭಾವಿಸಿದ್ದನು. ಆಹಾರಕ್ಕೂ ಶೀಲಕ್ಕೂ ಇರುವ ಈ ನಂಟೇ ಮುಂದೆ ಮೈಸೂರಿನಲ್ಲಿ ನಿರ್ಣಾಯಕವಾಯಿತೆಂಬುದನ್ನು ಕಾಣಲಿದ್ದೇವೆ.

ಕ್ಯಾಸಿಯನನ ಎರಡನೆಯ ಮುಖ್ಯ ವಿಚಾರವು ನಿಗ್ರಹಕ್ಕೂ ಶೀಲಕ್ಕೂ ಇರುವ ಅಂತರವನ್ನು ಕುರಿತದ್ದು. ನಿಗ್ರಹದಲ್ಲಿ ಹೋರಾಟ ನಡೆದೇ ಇರುತ್ತದೆ, ಮನುಷ್ಯನು ತಡೆದುಕೊಂಡಿರುತ್ತಾನೆ. ಶೀಲವು ಸಿದ್ಧಿಸಿದಾಗ ಶುದ್ಧತೆಯಲ್ಲಿಯೇ ಸಂತೋಷ ಹುಟ್ಟುತ್ತದೆ. ತನ್ನ ಶೀಲದ ಬಗ್ಗೆ ಗರ್ವಪಡುವವನು ಅದರಿಂದಲೇ ಜಾರುತ್ತಾನೆ. ಅದು ಸ್ವಂತ ಬಲದ ಗಳಿಕೆಯಾಗಿರದೆ ದೇವರ ಕೃಪೆಯಾಗಿದೆ ಎಂದು ಅವನು ಎಚ್ಚರಿಸುತ್ತಾನೆ. 13ನೆಯ ಶತಮಾನದ ತಾಮಸ್ ಅಕ್ವಿನಾಸನು ಇನ್ನೊಂದು ಹೆಜ್ಜೆ ಮುಂದೆ ಹೋಗಿ, ಮನೋವಿಕಾರಗಳು ಸ್ವತಃ ಕೆಟ್ಟವಲ್ಲ, ವಿವೇಕದ ಅಂಕೆಗೆ ಒಳಪಟ್ಟಾಗ ಅವು ಸದ್ಗುಣಕ್ಕೆ ನೆರವಾಗುತ್ತವೆ ಎಂದು ವಾದಿಸಿದನು. ಶೀಲವನ್ನು ಹೇಳುವ ಲ್ಯಾಟಿನ್ ಪದವು ಶಿಕ್ಷಿಸಿ ತಿದ್ದುವುದು ಎಂಬರ್ಥದ ಪದಕ್ಕೆ ಸಂಬಂಧಿಸಿದ್ದೆಂದೂ, ಮಗುವನ್ನು ತಿದ್ದುವಂತೆ ಬಯಕೆಯನ್ನು ತಿದ್ದಬೇಕೆಂದೂ ಅವನು ವಿವರಿಸಿದನು.

ಈ ತತ್ತ್ವಕ್ಕೆ ದಿನಚರಿಯ ರೂಪವನ್ನು ಕೊಟ್ಟವನು ಇಗ್ನಾಸಿ ಲೊಯೊಲಾ. ಅವನ ಆತ್ಮಸಾಧನೆಯ ಕೈಪಿಡಿಗೆ 1548ರಲ್ಲಿ ಜಗದ್ಗುರು ಮೂರನೆಯ ಪೌಲನ ಅನುಮೋದನೆ ದೊರೆಯಿತು. ಅದರಲ್ಲಿ ಬರುವ ವಿಶೇಷ ಆತ್ಮಪರೀಕ್ಷೆಯ ಕ್ರಮವು ಅತ್ಯಂತ ಪ್ರಾಯೋಗಿಕವಾದದ್ದು. ಸಾಧಕನು ಒಂದು ಕಾಲಕ್ಕೆ ಒಂದೇ ದೋಷವನ್ನು ಆರಿಸಿಕೊಳ್ಳಬೇಕು. ಬೆಳಗ್ಗೆ ಏಳುವಾಗ ಅದರಿಂದ ದೂರವಿರುವ ಸಂಕಲ್ಪ, ಮಧ್ಯಾಹ್ನ ಊಟದ ನಂತರ ಒಮ್ಮೆ, ರಾತ್ರಿ ಊಟದ ನಂತರ ಇನ್ನೊಮ್ಮೆ ಲೆಕ್ಕ. ಎಷ್ಟು ಸಲ ಜಾರಿದನೋ ಅಷ್ಟು ಚುಕ್ಕೆಗಳನ್ನು ಆ ದಿನದ ಗೆರೆಯ ಮೇಲೆ ಗುರುತಿಸಿ, ದಿನದಿಂದ ದಿನಕ್ಕೆ, ವಾರದಿಂದ ವಾರಕ್ಕೆ ಹೋಲಿಸಿ ನೋಡಬೇಕು. ಕಾಮವನ್ನು ಒಂದೇ ಏಟಿಗೆ ಗೆಲ್ಲುವ ವೀರೋಚಿತ ಕಲ್ಪನೆಯನ್ನು ಬಿಟ್ಟು, ಅದನ್ನು ಸಣ್ಣ ಸಣ್ಣ ಲೆಕ್ಕಗಳಾಗಿ ಒಡೆಯುವುದು ಈ ಕ್ರಮದ ವೈಶಿಷ್ಟ್ಯ. ಮೈಸೂರಿಗೆ ಮೊದಲು ಬಂದ ಬೋಧಕರು ಈ ಕ್ರಮದಲ್ಲಿಯೇ ತರಬೇತಿ ಪಡೆದ ಯೇಸುಸಭೆಯವರು.

ಸನ್ಯಾಸಿಯ ವೇಷ

ಇಟಲಿಯ ರಾಬರ್ಟೊ ದೆ ನೊಬಿಲಿ (1577–1656) 1606ರಲ್ಲಿ ಮಧುರೆಗೆ ಬಂದು, ಅಲ್ಲಿಯ ಯೂರೋಪಿಯನ್ ಬೋಧಕರ ಜೀವನಕ್ರಮವೇ ಬೋಧನೆಗೆ ತಡೆಯಾಗಿದೆ ಎಂಬುದನ್ನು ಕಂಡುಕೊಂಡನು. ಮಾಂಸ ತಿನ್ನುವ, ಮದ್ಯ ಕುಡಿಯುವ ವ್ಯಕ್ತಿಯು ಇಂದ್ರಿಯಗಳನ್ನು ಗೆದ್ದವನೆಂದರೆ ನಂಬುವವರಿರಲಿಲ್ಲ. ಅವನು ಕಾವಿಯುಟ್ಟು, ಮಾಂಸಮದ್ಯಗಳನ್ನು ತ್ಯಜಿಸಿ ಸನ್ಯಾಸಿಯಂತೆ ಬದುಕಿದನು. ತೀವ್ರ ವಿವಾದದ ನಂತರ 1623ರಲ್ಲಿ ಜಗದ್ಗುರು ಹದಿನೈದನೆಯ ಗ್ರೆಗೊರಿಯು ಈ ಕ್ರಮಕ್ಕೆ ಅನುಮತಿಯಿತ್ತನು.

ಇದೇ ಮಾರ್ಗವನ್ನು ಕನ್ನಡ ನಾಡಿನಲ್ಲಿ ಹಿಡಿದವನು ನೇಪಲ್ಸ್ ಪ್ರಾಂತ್ಯದ ಲಿಯೊನಾರ್ದೊ ಚಿನ್ನಾಮಿ. ಕಂಠೀರವ ನರಸರಾಜ ಒಡೆಯರ (1638–59) ಆಳ್ವಿಕೆಯಲ್ಲಿ, 17ನೆಯ ಶತಮಾನದ ನಡುಭಾಗದಲ್ಲಿ ಅವನು ಶ್ರೀರಂಗಪಟ್ಟಣಕ್ಕೆ ಬಂದನು. ಮೈಸೂರು ಮಿಷನ್ ಎಂದು ಮುಂದೆ ಹೆಸರಾದ ಕಾರ್ಯಕ್ಕೆ ಅಲ್ಲಿ ತಳಹದಿ ಬಿದ್ದಿತು. ಚಿನ್ನಾಮಿಯು ಕನ್ನಡವನ್ನು ಕಲಿತು ಧರ್ಮೋಪದೇಶ, ಸಂತರ ಚರಿತ್ರೆಗಳನ್ನು ಬರೆದನು. ವ್ಯಾಕರಣ, ನಿಘಂಟುಗಳಿಗೂ ಕೈಹಾಕಿದನು. ಸಂತರ ಚರಿತ್ರೆಯನ್ನು ಆರಿಸಿಕೊಂಡದ್ದು ಗಮನಾರ್ಹ. ವಿಕಾರಗಳನ್ನು ಗೆದ್ದವರ ಕಥೆಗಳ ಮೂಲಕ ಶೀಲವನ್ನು ಬೋಧಿಸುವುದು ಪುರಾತನರ ಚರಿತೆಗಳನ್ನೂ ತೀರ್ಥಂಕರರ ಪುರಾಣಗಳನ್ನೂ ಕೇಳಿ ಬೆಳೆದ ಕನ್ನಡಿಗರಿಗೆ ಪರಿಚಿತವಾದ ದಾರಿಯಾಗಿತ್ತು.

ಆದರೆ ಈ ವಿಧಾನದಲ್ಲಿ ಒಂದು ಒಳತೊಡಕೂ ಇದ್ದಿತು. ಕ್ಯಾಸಿಯನನಿಗೆ ಉಪವಾಸವು ಮನಸ್ಸಿನ ಶುದ್ಧಿಗೆ ಸಾಧನ ಮಾತ್ರ. ಮೈಸೂರಿನ ಸನ್ಯಾಸಿ ಬೋಧಕನಿಗೆ ಅದು ಸಾಧನವಾಗಿದ್ದಂತೆಯೇ ಜನರೆದುರಿನ ಪ್ರಮಾಣಪತ್ರವೂ ಆಯಿತು. ವೇಷಕ್ಕೂ ಊಟಕ್ಕೂ ಅಷ್ಟು ಮಹತ್ತ್ವ ಬಂದಾಗ ಜಾತಿಯ ಮಡಿಮೈಲಿಗೆಗಳೂ ಅದರೊಡನೆ ಒಳಬಂದವು. ಈ ಆಚರಣೆಗಳ ಕುರಿತಾದ ವಿವಾದವು 1704ರಲ್ಲಿ ಜಗದ್ಗುರುವಿನ ಪ್ರತಿನಿಧಿ ತೂರ್ನೊನನ ಆಜ್ಞೆಯಿಂದ ಬಿರುಸಾಗಿ, 1744ರಲ್ಲಿ ಜಗದ್ಗುರು ಹದಿನಾಲ್ಕನೆಯ ಬೆನೆಡಿಕ್ಟನ ಅಂತಿಮ ನಿರ್ಣಯದೊಡನೆ ಮುಗಿಯಿತು. ಸನ್ಯಾಸಿಯ ಬ್ರಹ್ಮಚರ್ಯವು ಪೂಜ್ಯವಾಗಿ ಉಳಿಯಿತು. ಆದರೆ ಅವನ ಪಾದಕ್ಕೆರಗಿದ ಗೃಹಸ್ಥನ ಶೀಲಕ್ಕೆ ಏನು ಆಧಾರ ಎಂಬ ಪ್ರಶ್ನೆ ಹಾಗೆಯೇ ಉಳಿದಿತ್ತು.

ದುಬ್ವಾ ಮತ್ತು ಗೃಹಸ್ಥರ ಸಮುದಾಯ

1773ರಲ್ಲಿ ಯೇಸುಸಭೆಯು ವಿಸರ್ಜಿತವಾದ ಮೇಲೆ ಮೈಸೂರಿನ ಕಾರ್ಯವು ಪ್ಯಾರಿಸಿನ ವಿದೇಶ ಮಿಷನ್ ಸಂಸ್ಥೆಯ ಫ್ರೆಂಚ್ ಗುರುಗಳಿಗೆ ಬಂದಿತು. ಅವರಲ್ಲಿ ಪ್ರಸಿದ್ಧನಾದ ಆಬೆ ದುಬ್ವಾ (1766–1848) 1799ರಲ್ಲಿ ಶ್ರೀರಂಗಪಟ್ಟಣದ ಪತನದ ನಂತರ ಮೈಸೂರು ಸೀಮೆಗೆ ಬಂದು 1823ರವರೆಗೆ ಇಲ್ಲಿದ್ದನು. ಅವನೂ ದೇಶೀಯ ಉಡುಪನ್ನು ಧರಿಸಿ, ಜನರ ನಡೆನುಡಿಗಳಿಗೆ ಹೊಂದಿಕೊಂಡು ಬದುಕಿದನು; ಜನರು ಅವನನ್ನು ದೊಡ್ಡಸ್ವಾಮಿಯವರು ಎಂದು ಕರೆದರು. ಆದರೆ ಅವನ ಕಾರ್ಯದ ಕೇಂದ್ರವು ಸನ್ಯಾಸಿಯ ಆಶ್ರಮವಾಗಿರಲಿಲ್ಲ. ಸಿಡುಬಿನ ಲಸಿಕೆಯ ಪ್ರಚಾರ ಮತ್ತು ಕೃಷಿಕ ನೆಲೆಗಳ ಸ್ಥಾಪನೆಗಾಗಿ ಅವನ ಹೆಸರು ಉಳಿದಿದೆ. ಹಾಸನದ ಸಮೀಪದ ಸಾತಳ್ಳಿಯ ಕೃಷಿಕ ಕ್ರೈಸ್ತ ಸಮುದಾಯವು ಅವನ ಹೆಸರಿನೊಡನೆ ಸೇರಿಕೊಂಡಿದೆ. ಇಲ್ಲಿಂದ ಸಾಧನೆಯ ಭೂಮಿಕೆಯು ಬದಲಾಯಿತು. ಹೊಲ, ಎತ್ತು, ಮನೆ, ಮಕ್ಕಳು, ನೆರೆಹೊರೆ ಇವುಗಳ ನಡುವೆ ಶೀಲವನ್ನು ರೂಢಿಸಬೇಕಾಯಿತು.

ದುಬ್ವಾನ ಹೆಸರಿನಲ್ಲಿ ಪ್ರಸಿದ್ಧವಾದ ಹಿಂದೂಗಳ ಆಚಾರವಿಚಾರಗಳ ಗ್ರಂಥದ ಒಂದು ಇಡೀ ಭಾಗವು ಬ್ರಹ್ಮಚರ್ಯ, ಗಾರ್ಹಸ್ಥ್ಯ, ವಾನಪ್ರಸ್ಥ, ಸನ್ಯಾಸಗಳೆಂಬ ನಾಲ್ಕು ಆಶ್ರಮಗಳಿಗೆ ಮೀಸಲಾಗಿದೆ. ಈ ಗ್ರಂಥದ ಬಹುಭಾಗವು ಅವನಿಗಿಂತ ಹಿಂದಿನ ಯೇಸುಸಭೆಯ ಕೂರ್ದೂ ಎಂಬ ಪಂಡಿತನ ಬರಹವನ್ನು ಆಧರಿಸಿದೆಯೆಂದು ಸಿಲ್ವಿಯಾ ಮುರ್ ಅವರು 1987ರಲ್ಲಿ ಪ್ರಕಟವಾದ ಸಂಶೋಧನೆಯಲ್ಲಿ ತೋರಿಸಿಕೊಟ್ಟಿದ್ದಾರೆ. ಆದುದರಿಂದ ಅಲ್ಲಿಯ ವರ್ಣನೆಗಳನ್ನು ಹಾಸನ ಸೀಮೆಯ ನೇರ ಸಾಕ್ಷ್ಯವೆಂದು ಬಳಸುವುದು ಸಾಧುವಲ್ಲ. 1823ರಲ್ಲಿ ಪ್ರಕಟವಾದ ಅವನ ಪತ್ರಗಳಿಗೆ ಈ ತೊಡಕಿಲ್ಲ. ಇಷ್ಟು ವರ್ಷಗಳ ದುಡಿಮೆಯಿಂದ ತನಗೆ ದೊರೆತ ಹೊಸ ಕ್ರೈಸ್ತರ ಸಂಖ್ಯೆ ಇನ್ನೂರು ಮುನ್ನೂರರಷ್ಟು ಮಾತ್ರವೆಂದೂ, ಅವರ ಪೈಕಿ ಅನೇಕರ ನಿಷ್ಠೆಯು ಸಂದೇಹಾಸ್ಪದವೆಂದೂ ಅವನು ಅವುಗಳಲ್ಲಿ ನಿರಾಶೆಯಿಂದ ಬರೆದನು. ಸಂಖ್ಯೆಯೇ ಅಳತೆಗೋಲಾದರೆ ಅವನ ತೀರ್ಮಾನವು ಸಹಜವೇ. ಆದರೆ ಹಿಂದಿನಿಂದಲೂ ಕ್ರೈಸ್ತರಾಗಿದ್ದ ಕುಟುಂಬಗಳು ಹೊಸ ನೆಲೆಯಲ್ಲಿ ನಿಂತು, ತಲೆಮಾರುಗಳ ಕಾಲ ಒಂದು ಜೀವನಕ್ರಮವನ್ನು ನಡೆಸಿಕೊಂಡು ಬಂದುದು ಆ ಅಳತೆಗೋಲಿಗೆ ಸಿಗುವಂಥದ್ದಲ್ಲ.

ಫ್ರೆಂಚ್ ಗುರುಗಳ ಹಿನ್ನೆಲೆಯೂ ಇದಕ್ಕೆ ಅನುಕೂಲವಾಗಿದ್ದಿತು. ಜಿನೀವಾದ ಧರ್ಮಾಧ್ಯಕ್ಷ ಫ್ರಾನ್ಸಿಸ್ ದೆ ಸಾಲ್ಸನು 1609ರಲ್ಲಿ ಪ್ರಕಟಿಸಿದ ಭಕ್ತಿಜೀವನದ ಪ್ರವೇಶಿಕೆಯು ಲೋಕದಲ್ಲಿದ್ದುಕೊಂಡೇ ಸಾಧನೆ ಮಾಡುವವರಿಗಾಗಿ ಬರೆದ ಕೃತಿ. ಭಕ್ತಿಯು ಸೈನಿಕನಿಗೊಂದು ಬಗೆ, ಕುಶಲಕರ್ಮಿಗೊಂದು ಬಗೆ, ಗೃಹಿಣಿಗೊಂದು ಬಗೆ ಎಂಬುದು ಅದರ ನಿಲುವು. ಶೀಲವು ವಿವಾಹಿತರಿಗೂ ಅಗತ್ಯವೆಂದು ಅದು ಪ್ರತ್ಯೇಕವಾಗಿ ಬೋಧಿಸುತ್ತದೆ. ಫ್ರಾನ್ಸಿನ ಧಾರ್ಮಿಕ ಜೀವನದಲ್ಲಿ ಆಳವಾಗಿ ಬೇರೂರಿದ ಈ ದೃಷ್ಟಿಯು ಗ್ರಾಮೀಣ ಧರ್ಮಕೇಂದ್ರಗಳಿಗೆ ಹೊಂದುವಂತಹದು.

ಸಾಧನೆಯ ಉಪಕರಣಗಳು

ಗೃಹಸ್ಥನ ಸಾಧನೆಗೆ ಒದಗಿದ ಉಪಕರಣಗಳನ್ನು ಮುಖ್ಯವಾಗಿ ನಾಲ್ಕಾಗಿ ವಿಂಗಡಿಸಬಹುದು.

ಮೊದಲನೆಯದು ಕಾಲದ ವ್ರತ. ಈಸ್ಟರ್ ಹಬ್ಬಕ್ಕೆ ಮುನ್ನ ಬರುವ ನಲವತ್ತು ದಿನಗಳ ಉಪವಾಸ ಕಾಲವನ್ನು ಕನ್ನಡ ಕಥೋಲಿಕರು ತಪಸ್ಸುಕಾಲವೆಂದು ಕರೆಯುತ್ತಾರೆ. ಅದು ಆರಂಭವಾಗುವ ದಿನ ವಿಭೂತಿ ಬುಧವಾರ. ಹಣೆಗೆ ಬೂದಿಯನ್ನು ಹಚ್ಚುವ ಪಾಶ್ಚಾತ್ಯ ಆಚರಣೆಗೆ ಶೈವ ಶಬ್ದವೂ, ಉಪವಾಸಕ್ಕೆ ಋಷಿಗಳ ಶಬ್ದವೂ ದೊರೆತದ್ದು ಕೇವಲ ಭಾಷಾಂತರದ ಸಂಗತಿಯಲ್ಲ. ತಪಸ್ಸು ಕಾಡಿನ ಸನ್ಯಾಸಿಯ ಕೈಯಿಂದ ಬಿಡಿಸಿಕೊಂಡು ವರ್ಷಕ್ಕೊಮ್ಮೆ ರೈತನ ಮನೆಗೆ ಬಂದುದನ್ನು ಆ ಹೆಸರು ಸೂಚಿಸುತ್ತದೆ. ಶುಕ್ರವಾರದ ಮಾಂಸವರ್ಜನೆ, ಒಪ್ಪೊತ್ತಿನ ಊಟ, ಆ ದಿನಗಳಲ್ಲಿ ಮದುವೆಯ ಸಂಭ್ರಮಗಳಿಗೆ ತಡೆ ಇವೆಲ್ಲವೂ ಕ್ಯಾಸಿಯನನು ಹೇಳಿದ ತಟ್ಟೆಯಿಂದ ಆರಂಭವಾಗುವ ಹೋರಾಟದ ಗೃಹಸ್ಥರೂಪಗಳೇ.

ಎರಡನೆಯದು ಜಪ. ಬೆಳಗ್ಗೆ, ಮಧ್ಯಾಹ್ನ, ಸಂಜೆ ಚರ್ಚಿನ ಗಂಟೆಯೊಡನೆ ನಡೆಯುವ ಪ್ರಾರ್ಥನೆ ಮತ್ತು ಸಂಜೆ ಮನೆಮಂದಿಯೆಲ್ಲ ಕೂಡಿ ಹೇಳುವ ಜಪಸರ ಇವು ದಿನವನ್ನು ವಿಭಾಗಿಸಿದವು. ಯೇಸು ಮತ್ತು ಮರಿಯಳ ಜೀವನದ ರಹಸ್ಯಗಳನ್ನು ಧ್ಯಾನಿಸುತ್ತ ಮಣಿಗಳನ್ನು ಎಣಿಸುವುದು ಇದರ ಕ್ರಮ. ಈ ರಹಸ್ಯಗಳು ಸಾಂಪ್ರದಾಯಿಕವಾಗಿ ಹದಿನೈದಿದ್ದವು. 2002ರಲ್ಲಿ ಜಗದ್ಗುರು ಎರಡನೆಯ ಜಾನ್ ಪೌಲರು ಇನ್ನೂ ಐದನ್ನು ಸೇರಿಸಿದರು. ಬಯಕೆಯನ್ನು ತಳ್ಳಲು ಹೊರಟ ಮನಸ್ಸು ಬರಿದಾಗಿ ಉಳಿಯದೆ ಬೇರೊಂದು ಚಿತ್ರದಿಂದ ತುಂಬಬೇಕೆಂಬುದು ಇದರ ಮನೋವೈಜ್ಞಾನಿಕ ಆಧಾರ. ಹೇಮಾವತಿಯ ದಂಡೆಯ ಶೆಟ್ಟಿಹಳ್ಳಿಯಲ್ಲಿ ಫ್ರೆಂಚ್ ಗುರುಗಳು 1860ರ ದಶಕದಲ್ಲಿ ಕಟ್ಟಿಸಿದ ಚರ್ಚು ಜಪಸರ ಮಾತೆಗೆ ಅರ್ಪಿತವಾದದ್ದು. 1979ರಲ್ಲಿ ಗೊರೂರಿನ ಅಣೆಕಟ್ಟೆ ಮುಗಿದ ನಂತರ ಅದು ಹಿನ್ನೀರಿನಲ್ಲಿ ಸಿಲುಕಿ, ಮಳೆಗಾಲದಲ್ಲಿ ಮುಳುಗಿ ಬೇಸಗೆಯಲ್ಲಿ ತೆರೆದುಕೊಳ್ಳುವ ಭಗ್ನಾವಶೇಷವಾಯಿತು. ಪ್ರವಾಸಿಗರು ಅದನ್ನು ವಿಚಿತ್ರ ದೃಶ್ಯವೆಂದು ಕಾಣುತ್ತಾರೆ. ಚರಿತ್ರೆಯ ಅಭ್ಯಾಸಿಗೆ ಅದು ಒಂದು ಗ್ರಾಮದ ದಿನವನ್ನು ಗಂಟೆಯಿಂದಲೂ ಜಪದಿಂದಲೂ ಅಳೆದ ವ್ಯವಸ್ಥೆಯ ಕುರುಹು.

ಮೂರನೆಯದು ಆತ್ಮಪರೀಕ್ಷೆ ಮತ್ತು ಪಾಪನಿವೇದನೆ. 1215ರ ನಾಲ್ಕನೆಯ ಲ್ಯಾಟೆರನ್ ಮಹಾಸಭೆಯು ವರ್ಷಕ್ಕೊಮ್ಮೆಯಾದರೂ ಪಾಪನಿವೇದನೆಯನ್ನು ಕಡ್ಡಾಯಗೊಳಿಸಿತ್ತು. ದೋಷವನ್ನು ಬಾಯಿಬಿಟ್ಟು ಹೇಳಬೇಕು, ಪಶ್ಚಾತ್ತಾಪಪಡಬೇಕು, ವಿಧಿಸಿದ ಪ್ರಾಯಶ್ಚಿತ್ತವನ್ನು ಮಾಡಬೇಕು. ಆಗ ಕ್ಷಮೆ ದೊರೆಯುತ್ತದೆ. ಜೈನರ ಪ್ರತಿಕ್ರಮಣಕ್ಕೂ ಇದಕ್ಕೂ ಹೊರರೂಪದಲ್ಲಿ ಸಾಮ್ಯವಿದೆ. ಅಲ್ಲಿ ಕರ್ಮದ ಬಂಧವನ್ನು ಸಡಿಲಿಸುವುದು ಗುರಿ. ಇಲ್ಲಿ ಮುರಿದ ಸಂಬಂಧವನ್ನು ದೇವರೊಡನೆ ಮತ್ತೆ ಕೂಡಿಸುವುದು ಗುರಿ. ಜಾರಿದವನಿಗೆ ಮರಳಿ ಆರಂಭಿಸುವ ಅವಕಾಶವು ಸದಾ ತೆರೆದಿರುತ್ತದೆ ಎಂಬ ಭರವಸೆಯೇ ಶೀಲವನ್ನು ಒಂದು ಬೆಳವಣಿಗೆಯಾಗಿ ಕಾಣಲು ಸಾಧ್ಯಮಾಡಿತು. ವೆಸ್ಲಿಯನ್ ಮಿಷನ್ನಿನವರು ಹಾಸನದಲ್ಲಿ ನೆಲೆಯೂರಿದಾಗ ಬೇರೊಂದು ಮಾದರಿ ಬಂದಿತು. ಗುರುವಿಗೆ ಗುಟ್ಟಾಗಿ ನಿವೇದಿಸುವುದಕ್ಕೆ ಬದಲಾಗಿ, ಸಣ್ಣ ಗುಂಪಿನಲ್ಲಿ ಸೇರಿ ಪರಸ್ಪರರ ಆತ್ಮಸ್ಥಿತಿಯನ್ನು ವಿಚಾರಿಸುವ ಕ್ರಮವನ್ನು ಜಾನ್ ವೆಸ್ಲಿಯು 1738ರ ನಿಯಮಾವಳಿಯಲ್ಲಿಯೇ ರೂಪಿಸಿದ್ದನು. ಒಬ್ಬಂಟಿಯಾಗಿ ಯಾರೂ ವಿಕಾರಗಳನ್ನು ಗೆಲ್ಲಲಾರರೆಂಬ ತಿಳಿವಳಿಕೆಯು ಎರಡೂ ಪಂಥಗಳಿಗೆ ಸಮಾನವಾಗಿದೆ.

ನಾಲ್ಕನೆಯದು ವಿವಾಹ. ಟ್ರೆಂಟ್ ಮಹಾಸಭೆಯು 1563ರಲ್ಲಿ ವಿವಾಹಕ್ಕೆ ಗುರುವಿನ ಮತ್ತು ಸಾಕ್ಷಿಗಳ ಉಪಸ್ಥಿತಿಯನ್ನು, ಮುಂಚಿತವಾದ ಬಹಿರಂಗ ಪ್ರಕಟಣೆಯನ್ನು, ದಾಖಲೆಯನ್ನು ವಿಧಿಸಿತು. ವಧೂವರರಿಬ್ಬರ ಸ್ವಂತ ಒಪ್ಪಿಗೆಯಿಲ್ಲದೆ ವಿವಾಹವೇ ಇಲ್ಲವೆಂಬುದು ಧರ್ಮಸಭೆಯ ತತ್ತ್ವ. ಏಕಪತ್ನೀವ್ರತ ಮತ್ತು ಪರಸ್ಪರ ನಿಷ್ಠೆಗಳು ಗಂಡಿಗೂ ಹೆಣ್ಣಿಗೂ ಒಂದೇ ತೂಕದಲ್ಲಿ ಅನ್ವಯಿಸಿದವು. ಚರ್ಚಿನ ವಿವಾಹ ಪುಸ್ತಕವನ್ನು ಸಂಶೋಧಕರು ವಂಶಾವಳಿಯ ಆಕರವೆಂದು ಬಳಸುತ್ತಾರೆ. ಗಂಡಸಿನ ಕಾಮಕ್ಕೆ ಸಾರ್ವಜನಿಕ ಲೆಕ್ಕವನ್ನು ಕೇಳಿದ ದಾಖಲೆಯೆಂದೂ ಅದನ್ನು ಓದಲು ಸಾಧ್ಯವಿದೆ.

ಸಾಧನೆಯ ಬೆಲೆ ಮತ್ತು ಸ್ತ್ರೀಯರು

ಈ ಚರಿತ್ರೆಯನ್ನು ಕೇವಲ ಪ್ರಶಂಸೆಯ ಧಾಟಿಯಲ್ಲಿ ಬರೆಯಲಾಗದು. ನೆರೆಯ ತಮಿಳುನಾಡಿನ ಒಂದು ಪ್ರಸಂಗವು ಇದನ್ನು ಸ್ಪಷ್ಟಪಡಿಸುತ್ತದೆ. ಯೇಸುಸಭೆಯ ಜಾನ್ ದೆ ಬ್ರಿಟ್ಟೊನ ಬೋಧನೆಗೆ ಮನಸೋತು ಮರವ ಸೀಮೆಯ ತಡಿಯ ತೇವನೆಂಬ ರಾಜವಂಶೀಯನು ಕ್ರೈಸ್ತನಾದನು. ಏಕಪತ್ನೀವ್ರತದ ನಿಯಮದಂತೆ ಅವನು ಒಬ್ಬಳನ್ನು ಉಳಿಸಿಕೊಂಡು ಉಳಿದ ಪತ್ನಿಯರನ್ನು ತ್ಯಜಿಸಿದನು. ತ್ಯಕ್ತರಲ್ಲೊಬ್ಬಳು ರಾಮನಾಥಪುರದ ಸೇತುಪತಿಯ ಬಂಧು. ಅವಳ ದೂರಿನ ಪರಿಣಾಮವಾಗಿ ಬ್ರಿಟ್ಟೊನು ಬಂಧಿತನಾಗಿ 1693ರ ಫೆಬ್ರುವರಿ 4ರಂದು ಓರಿಯೂರಿನಲ್ಲಿ ಶಿರಚ್ಛೇದಕ್ಕೆ ಒಳಗಾದನು. 1947ರಲ್ಲಿ ಧರ್ಮಸಭೆಯು ಅವನನ್ನು ಸಂತನೆಂದು ಘೋಷಿಸಿತು. ಪುರುಷನ ಶೀಲಕ್ಕಾಗಿ ಗುರುವು ಪ್ರಾಣ ತೆತ್ತುದನ್ನು ಸಂತಚರಿತ್ರೆಯು ಸ್ಮರಿಸುತ್ತದೆ. ಅದೇ ಶೀಲಕ್ಕಾಗಿ ಮನೆಯಿಂದ ಹೊರಬಿದ್ದ ಸ್ತ್ರೀಯರ ಪಾಲಿನ ಬೆಲೆಯನ್ನೂ ಚರಿತ್ರಕಾರನು ಲೆಕ್ಕಕ್ಕೆ ತೆಗೆದುಕೊಳ್ಳಬೇಕಾಗುತ್ತದೆ.

ಇನ್ನೊಂದು ಬದಿಯಲ್ಲಿ, ಅವಿವಾಹಿತೆಯಾಗಿ ಉಳಿಯುವ ಹಕ್ಕನ್ನು ಸ್ತ್ರೀಗೆ ಕೊಟ್ಟ ಸಂಸ್ಥೆಗಳೂ ಈ ಪರಂಪರೆಯಿಂದಲೇ ಬಂದವು. ಶ್ರವಣಬೆಳಗೊಳದ ಶಾಸನಗಳಲ್ಲಿ ಕಂತಿಯರೆಂಬ ಜೈನ ಸನ್ಯಾಸಿನಿಯರ ಉಲ್ಲೇಖವಿರುವುದರಿಂದ ಸ್ತ್ರೀಬ್ರಹ್ಮಚರ್ಯವು ಈ ಸೀಮೆಗೆ ಅಪರಿಚಿತವಲ್ಲ. ಆದರೆ 19ನೆಯ ಶತಮಾನದ ವೇಳೆಗೆ ವಿವಾಹವು ಬಹುತೇಕ ಹೆಣ್ಣುಮಕ್ಕಳಿಗೆ ಅನಿವಾರ್ಯವೇ ಆಗಿತ್ತು. ಬೆಂಗಳೂರಿಗೆ 1854ರಲ್ಲಿ ಗುಡ್ ಶೆಫರ್ಡ್ ಭಗಿನಿಯರೂ, 1882ರಲ್ಲಿ ತಾರ್ಬ್‌ನ ಸಂತ ಜೋಸೆಫರ ಭಗಿನಿಯರೂ ಬಂದರು. ಬಡತನ, ಬ್ರಹ್ಮಚರ್ಯ, ವಿಧೇಯತೆ ಎಂಬ ಮೂರು ವ್ರತಗಳನ್ನು ಕೈಗೊಂಡು ಶಾಲೆ, ಆಸ್ಪತ್ರೆ, ಅನಾಥಾಲಯಗಳಲ್ಲಿ ದುಡಿಯುವ ಸ್ತ್ರೀಯ ಚಿತ್ರವು ಆ ಮೇಲೆ ನಾಡಿನಲ್ಲಿ ಪರಿಚಿತವಾಯಿತು. ಇಲ್ಲಿ ಬ್ರಹ್ಮಚರ್ಯವು ಲೋಕದಿಂದ ಹಿಂದೆಗೆಯುವುದಕ್ಕಿಂತ ಹೆಚ್ಚಾಗಿ ಲೋಕದ ರೋಗಿಗಳ, ಮಕ್ಕಳ ಸೇವೆಗೆ ಕೈಗಳನ್ನು ಬಿಡುವು ಮಾಡಿಕೊಳ್ಳುವ ಕ್ರಮವಾಗಿ ಅರ್ಥ ಪಡೆಯಿತು.

ಇಪ್ಪತ್ತನೆಯ ಶ���ಮಾನ ಮತ್ತು ನಂತರ

ರೈಲುಮಾರ್ಗವು ಅರಸೀಕೆರೆಯನ್ನು ಸಂಧಿಸ್ಥಾನವಾಗಿಸಿದ್ದರಿಂದಲೂ, ಬೇಲೂರು, ಸಕಲೇಶಪುರದ ಮಲೆನಾಡಿನಲ್ಲಿ ಕಾಫಿ ತೋಟಗಳು ವಿಸ್ತರಿಸಿದ್ದರಿಂದಲೂ ಸೀಮೆಯ ಕ್ರೈಸ್ತ ಸಮುದಾಯದಲ್ಲಿ ಕನ್ನಡಿಗರೊಡನೆ ಕೊಂಕಣಿ ಮತ್ತು ತಮಿಳು ಭಾಷಿಕರೂ ಸೇರಿಕೊಂಡರು. ಹೊಲವನ್ನು ನೆಚ್ಚಿದ ಗ್ರಾಮಸಮುದಾಯಕ್ಕೆ ರೂಪಿಸಿದ ಸಾಧನಾಕ್ರಮವನ್ನು ಕೂಲಿಗಾಗಿ ಊರು ಬಿಟ್ಟು ಬಂದವರ ನಡುವೆ, ತೋಟದ ಲೈನುಗಳಲ್ಲಿ, ಪಾಳಿಯ ನೌಕರಿಯಲ್ಲಿ ನಡೆಸಬೇಕಾಯಿತು. 1963ರಲ್ಲಿ ಮೈಸೂರು ಧರ್ಮಪ್ರಾಂತ್ಯದಿಂದ ಚಿಕ್ಕಮಗಳೂರು ಧರ್ಮಪ್ರಾಂತ್ಯವು ಬೇರ್ಪಟ್ಟಿತು. 1988ರಲ್ಲಿ ಶಿವಮೊಗ್ಗವು ಪ್ರತ್ಯೇಕವಾದ ಮೇಲೆ ಚಿಕ್ಕಮಗಳೂರು ಮತ್ತು ಹಾಸನ ಜಿಲ್ಲೆಗಳು ಅದರಲ್ಲಿ ಉಳಿದವು. ಎರಡನೆಯ ವ್ಯಾಟಿಕನ್ ಮಹಾಸಭೆಯ (1962–65) ನಂತರ ಪೂಜೆಯು ಲ್ಯಾಟಿನ್ನಿನಿಂದ ಕನ್ನಡಕ್ಕೆ ಬಂದಿತು. ಪವಿತ್ರತೆಯ ಕರೆಯು ಗುರುಗಳಿಗೂ ಕನ್ಯಾಸ್ತ್ರೀಯರಿಗೂ ಸೀಮಿತವಾಗದೆ ಎಲ್ಲ ವಿಶ್ವಾಸಿಗಳಿಗೂ ಸಲ್ಲುತ್ತದೆ ಎಂಬ ಅದರ ಬೋಧನೆಯು ಹಳ್ಳಿಯ ಮನೆಗಳಲ್ಲಿ ಆಗಲೇ ನಡೆದುಬಂದಿದ್ದ ಕ್ರಮಕ್ಕೆ ತಾತ್ತ್ವಿಕ ಮುದ್ರೆಯನ್ನು ಒತ್ತಿತು. 1992ರ ಕಥೋಲಿಕ ಧರ್ಮೋಪದೇಶ ಗ್ರಂಥವು ಶೀಲವನ್ನು ಆತ್ಮಸಂಯಮದ ದೀರ್ಘ ಅಭ್ಯಾಸವೆಂದೂ, ಅದಕ್ಕೆ ಬೆಳವಣಿಗೆಯ ಹಂತಗಳುಂಟೆಂದೂ ವಿವರಿಸಿದೆ.

ಇದೇ ಅವಧಿಯಲ್ಲಿ ವ್ರತಧಾರಿಗಳ ಬ್ರಹ್ಮಚರ್ಯವು ತೀವ್ರ ಪರೀಕ್ಷೆಗೆ ಒಳಗಾಯಿತು. 2002ರಲ್ಲಿ ಅಮೆರಿಕದ ಬಾಸ್ಟನ್ ನಗರದಿಂದ ಹೊರಬಂದ ವರದಿಗಳು ಗುರುಗಳಿಂದ ಮಕ್ಕಳ ಮೇಲೆ ನಡೆದ ದೌರ್ಜನ್ಯವನ್ನೂ, ಅದನ್ನು ಮುಚ್ಚಿಟ್ಟ ಅಧಿಕಾರಿಗಳ ನಡತೆಯನ್ನೂ ಬಯಲಿಗೆಳೆದವು. ಧರ್ಮಸಭೆಯು 2016ರಲ್ಲಿ ಗುರುಶಿಕ್ಷಣದ ನಿಯಮಾವಳಿಯನ್ನು ಪರಿಷ್ಕರಿಸಿ ಅಭ್ಯರ್ಥಿಗಳ ಮಾನವೀಯ ಮತ್ತು ಭಾವನಾತ್ಮಕ ಪಕ್ವತೆಗೆ ಒತ್ತು ನೀಡಿತು. 2019ರಲ್ಲಿ ಜಗದ್ಗುರು ಫ್ರಾನ್ಸಿಸರು ದೂರುಗಳನ್ನು ವರದಿ ಮಾಡುವುದನ್ನು ಗುರುಗಳಿಗೂ ವ್ರತಧಾರಿಗಳಿಗೂ ಕಡ್ಡಾಯಗೊಳಿಸಿದರು. ಮರುಭೂಮಿಯ ತಪಸ್ವಿಗಳ ಹಳೆಯ ಎಚ್ಚರಿಕೆಯು ಇಲ್ಲಿ ಮತ್ತೆ ನೆನಪಾಗುತ್ತದೆ. ಶೀಲದ ಖ್ಯಾತಿಯು ಶೀಲದ ಸ್ಥಾನವನ್ನು ಆಕ್ರಮಿಸಿದಾಗ, ಲೆಕ್ಕ ಕೇಳುವವರು ಇಲ್ಲವಾದಾಗ, ನಿಗ್ರಹವು ಮುಖವಾಡವಾಗುತ್ತದೆ.

ಸಮಾರೋಪ

ಮೇಲಿನ ಅವಲೋಕನದಿಂದ ಕೆಲವು ನಿರ್ಣಯಗಳಿಗೆ ಬರಬಹುದಾಗಿದೆ. ಜೈನ, ವೀರಶೈವ, ವೈಷ್ಣವ ಸಾಧನೆಗಳಿಂದ ಹದಗೊಂಡ ಸೀಮೆಗೆ ಕ್ರೈಸ್ತ ಬೋಧನೆಯು ಮೊದಲು ಸನ್ಯಾಸಿಯ ರೂಪದಲ್ಲಿ ಬಂದಿತು. ಆ ರೂಪವು ಗೌರವವನ್ನು ಗಳಿಸಿಕೊಟ್ಟಿತಾದರೂ ಸಮುದಾಯವನ್ನು ಉಳಿಸಿದ್ದು ತಪಸ್ಸುಕಾಲ, ಜಪಸರ, ಪಾಪನಿವೇದನೆ, ವಿವಾಹನಿಷ್ಠೆ ಎಂಬ ನಾಲ್ಕು ಗೃಹಸ್ಥ ಕ್ರಮಗಳು. ಈ ಕ್ರಮಗಳ ಸಮಾನ ಲಕ್ಷಣವೆಂದರೆ ಪ್ರತಿಯೊಂದರಲ್ಲಿಯೂ ಸಾಧಕನು ಯಾರಿಗಾದರೂ ಉತ್ತರ ಹೇಳಬೇಕಾಗಿರುವುದು: ದೇವರಿಗೆ, ಗುರುವಿಗೆ, ಬಾಳಸಂಗಾತಿಗೆ, ನೆರೆಹೊರೆಗೆ. ಈ ಉತ್ತರದಾಯಿತ್ವವು ಇದ್ದೆಡೆ ಶೀಲವು ಬೆಳೆಯುವ ಅವಕಾಶವಿದ್ದಿತು. ಅದು ತಪ್ಪಿದೆಡೆ ಕಾವಿಯೂ ನಿಲುವಂಗಿಯೂ ರಕ್ಷಣೆ ಕೊಡಲಿಲ್ಲ.

ಹಾಸನ ಸೀಮೆಯ ಧರ್ಮಕೇಂದ್ರಗಳ ವಿವಾಹ ಪುಸ್ತಕಗಳು, ಮುದ್ರಿತ ಜಪ ಪುಸ್ತಕಗಳು, ತಪಸ್ಸುಕಾಲದ ಹಾಡುಗಳು ಇವುಗಳನ್ನು ಜೈನ ಶ್ರಾವಕಾಚಾರ ಮತ್ತು ವೀರಶೈವ ಶೀಲಸಾಹಿತ್ಯದೊಡನೆ ಜೊತೆಯಾಗಿಟ್ಟು ಓದುವ ಕಾರ್ಯವನ್ನು ಸಂಶೋಧಕರು ಕೈಗೆತ್ತಿಕೊಳ್ಳಬೇಕಾಗಿದೆ. ಆಗ ಈ ಸೀಮೆಯ ಧರ್ಮಗಳ ಚರಿತ್ರೆಯು ದೇವಾಲಯ, ಬಸದಿ, ಚರ್ಚುಗಳ ಕಟ್ಟಡಗಳ ಚರಿತ್ರೆಯಾಗಿ ಮಾತ್ರ ಉಳಿಯದೆ, ಅವುಗಳೊಳಗೆ ಕುಳಿತು ತಮ್ಮನ್ನು ತಾವು ತಿದ್ದಿಕೊಳ್ಳಲು ಯತ್ನಿಸಿದ ಸಾಮಾನ್ಯ ಜನರ ಚರಿತ್ರೆಯೂ ಆಗುತ್ತದೆ.